ಬಂದ ಹಡಗು, ಹೋದ ಹಡಗು

ಶಾಲೆಯಲ್ಲಿ ಹಂಚುತ್ತಿದ್ದ ‘ಕೇರ್’ ಉಪ್ಪಿಟ್ಟಿನ ರುಚಿ ಬಲ್ಲವರು ಈಗ ಮೊಮ್ಮಕ್ಕಳನ್ನು ಆಡಿಸುವ ವಯಸ್ಸಿಗೆ ಬಂದಿದ್ದಾರೆ. ಕೈಕುಲುಕುವ ಚಿತ್ರ ಅಚ್ಚಾಗಿದ್ದ ಎಣ್ಣೆ ಡಬ್ಬ ಖಾಲಿಯಾದ ಮೇಲೂ ಎಷ್ಟೋ ಮನೆಗಳಲ್ಲಿ ಬೇಳೆ ತುಂಬಿಡಲು ವರ್ಷಗಟ್ಟಲೆ ಬಾಳಿತು. ಮೆಕ್ಕೆಜೋಳ, ಸೋಯಾ, ಹಾಲಿನ ಪುಡಿ ಬೆರೆಸಿದ ಆ ಹಳದಿ ಹಿಟ್ಟು ಅಮೆರಿಕದಿಂದ ಬರುತ್ತಿತ್ತು ಎಂಬುದು ತಿನ್ನುತ್ತಿದ್ದ ಮಕ್ಕಳಿಗೆ ಗೊತ್ತಿತ್ತೋ ಇಲ್ಲವೋ, ಬಡಿಸುತ್ತಿದ್ದ ಮೇಷ್ಟ್ರಿಗೆ ಗೊತ್ತಿತ್ತು. 1956ರ ಆಗಸ್ಟ್‌ನಲ್ಲಿ ಅಮೆರಿಕದ ಜೊತೆಗಿನ ಪಿ.ಎಲ್. 480 ಆಹಾರ ನೆರವಿನ ಒಪ್ಪಂದಕ್ಕೆ ಸಹಿ ಬಿದ್ದ ಮೇಲೆ ನಮ್ಮ ಬಂದರುಗಳಿಗೆ ಧಾನ್ಯದ ಹಡಗು ಬರುವುದು ಮಳೆಗಾಲ ಬಂದಷ್ಟೇ ಸಹಜವಾಯಿತು. ಬಂದದ್ದರಲ್ಲಿ ಗೋಧಿಯದೇ ಸಿಂಹಪಾಲು. ಬರ ಬಿಗಿಯಾದ ವರ್ಷಗಳಲ್ಲಿ ಗೋಧಿಯ ಬೆನ್ನಿಗೆ ಮೈಲೋ ಎಂಬ ಕೆಂಪು ಜೋಳವೂ ಬಂತು. 1965 ಮತ್ತು 66ರಲ್ಲಿ ಎರಡು ಮಳೆಗಾಲ ಸಾಲಾಗಿ ಕೈಕೊಟ್ಟವು. 1966ರಲ್ಲಿ ದೇಶಕ್ಕೆ ಹೊರಗಿನಿಂದ ಬಂದ ಆಹಾರಧಾನ್ಯ ಒಂದು ಕೋಟಿ ಟನ್ ದಾಟಿತು. ಬಿಳಿಜೋಳದ ರೊಟ್ಟಿ ತಟ್ಟಿ ಪಳಗಿದ ಕೈಗಳಿಗೆ ಆ ಕೆಂಪು ಹಿಟ್ಟು ಒಗ್ಗಲಿಲ್ಲ, ಆದರೂ ಜನ ತಿಂದರು. ಬೆಳೆದ ದೇಶದಲ್ಲಿ ಅದು ದನ, ಹಂದಿ, ಕೋಳಿಗಳ ಮೇವು. ಮೇವಿನ ಧಾನ್ಯ ಆಮದಾಗಿ ನಮ್ಮಲ್ಲಿಗೆ ಮೊದಲು ಕಾಲಿಟ್ಟದ್ದು ಮನುಷ್ಯರ ಊಟವಾಗಿ ಎಂಬ ಸಂಗತಿಯನ್ನು, ಈ ಎಪ್ಪತ್ತು ವರ್ಷಗಳ ಲೆಕ್ಕ ನೋಡುವಾಗ ಮರೆಯಲಾಗದು.

ಹಡಗನ್ನು ನಿಲ್ಲಿಸುವ ಮಾತು ಐವತ್ತರ ದಶಕದಲ್ಲೇ ಶುರುವಾಗಿತ್ತು. ಹಸಿರು ಕ್ರಾಂತಿ ಎಂದರೆ ಗೋಧಿ, ಭತ್ತ ಎಂದೇ ನಾವು ಪಾಠದಲ್ಲಿ ಓದಿದ್ದೇವೆ. ಆದರೆ ದೇಶದ ಬೇರೆ ಬೇರೆ ಕಡೆಯ ವಿಜ್ಞಾನಿಗಳನ್ನು ಒಂದೇ ಬೆಳೆಯ ಕೆಲಸಕ್ಕೆ ಕೂಡಿಸಿದ ಮೊದಲ ಅಖಿಲ ಭಾರತ ಸಮನ್ವಯ ಯೋಜನೆ 1957ರಲ್ಲಿ ಹುಟ್ಟಿದ್ದು ಮೆಕ್ಕೆಜೋಳಕ್ಕೆ. ರಾಕ್‌ಫೆಲ್ಲರ್ ಪ್ರತಿಷ್ಠಾನ ಅದಕ್ಕೆ ಕೈಜೋಡಿಸಿತ್ತು. ನಾಲ್ಕು ವರ್ಷಗಳಲ್ಲಿ, 1961ಕ್ಕೆ, ಮೊದಲ ಹೈಬ್ರಿಡ್‌ಗಳು ಹೊರಬಂದವು: ಗಂಗಾ 1, ಗಂಗಾ 101, ರಣಜಿತ್, ಡೆಕ್ಕನ್. ನಮ್ಮ ಪ್ರಸ್ಥಭೂಮಿಗೆಂದು ಬಂದ ಡೆಕ್ಕನ್ ಬೀಜದ ಹೆಸರು ಹಳಬರ ಬಾಯಲ್ಲಿ ಬಹುಕಾಲ ಉಳಿಯಿತು. 1950-51ರಲ್ಲಿ ದೇಶ ಬೆಳೆಯುತ್ತಿದ್ದ ಮೆಕ್ಕೆಜೋಳ ಸುಮಾರು 17 ಲಕ್ಷ ಟನ್. ಹೊಸ ಬೀಜದಿಂದ ಅದು ಏರುತ್ತದೆ, ಬಡವರ ಹೊಟ್ಟೆ ತುಂಬುತ್ತದೆ ಎಂಬುದು ಆಗಿನ ಭರವಸೆ. ಮೊದಲ ಅರ್ಧ ನಿಜವಾಯಿತು. ಎರಡನೆಯದು ಬೇರೆಯೇ ದಾರಿ ಹಿಡಿಯಿತು. ಉತ್ತರದಲ್ಲಿ ಚಳಿಗಾಲಕ್ಕೆ ಮಕ್ಕೆ ಕೀ ರೋಟಿ ಉಂಟು. ತುಂಗಭದ್ರೆಯ ಈಚೆಗೆ ಮಾತ್ರ ಸುಟ್ಟ ಎಳೆ ತೆನೆ, ಒಂದಿಷ್ಟು ಅರಳು ಬಿಟ್ಟರೆ ಮೆಕ್ಕೆಜೋಳ ಅಡುಗೆಮನೆಯ ಹೊಸ್ತಿಲು ದಾಟಲಿಲ್ಲ.

ಅದು ಹೋಗಿ ಸೇರಿದ್ದು ಕೋಳಿ ಸಾಕುವ ಶೆಡ್ಡನ್ನು. ಹಿತ್ತಿಲಲ್ಲಿ ಕೆದಕಿ ತಿನ್ನುತ್ತಿದ್ದ ನಾಟಿ ಕೋಳಿಯ ಕಾಲದಲ್ಲಿ, 1950ರ ಸುಮಾರಿಗೆ, ದೇಶದಲ್ಲಿ ವರ್ಷಕ್ಕೆ 183 ಕೋಟಿ ಮೊಟ್ಟೆ ಸಿಗುತ್ತಿದ್ದವು, ತಲೆಗೆ ಐದು. 2023-24ರಲ್ಲಿ 14,000 ಕೋಟಿ ದಾಟಿದೆ, ತಲೆಗೆ ನೂರಾಮೂರು. ಈ ಏರಿಕೆಯ ಶ್ರೇಯಸ್ಸನ್ನು ಮೊಟ್ಟೆಯ ಬೆಲೆ ನಿಗದಿಯಲ್ಲಿ ದಲ್ಲಾಳಿಗಳ ಹಿಡಿತ ಸಡಿಲಿಸಲೆಂದು 1982ರಲ್ಲಿ ಬಿ.ವಿ. ರಾವ್ ಅವರ ಮುಂದಾಳತ್ವದಲ್ಲಿ ಹುಟ್ಟಿದ ರಾಷ್ಟ್ರೀಯ ಮೊಟ್ಟೆ ಸಮನ್ವಯ ಸಮಿತಿಗೆ (ಎನ್ಇಸಿಸಿ), ಹ್ಯಾಚರಿಗಳಿಗೆ, ನಾಮಕ್ಕಲ್ಲಿನ ಕೋಳಿ ಸಾಕಣೆದಾರರಿಗೆ ಕೊಡುವುದು ರೂಢಿ, ಕೊಡಬೇಕಾದ್ದೇ. ಆದರೆ ಕೋಳಿಯ ಆಹಾರದಲ್ಲಿ ಅರ್ಧಕ್ಕಿಂತ ಹೆಚ್ಚು ಮೆಕ್ಕೆಜೋಳ. ಸಾಕಣೆಯ ಖರ್ಚಿನಲ್ಲಿ ಮೂರನೇ ಎರಡು ಭಾಗದಷ್ಟು ಆಹಾರದ್ದೇ. ಆ ಮೆಕ್ಕೆಜೋಳವನ್ನು ಬೆಳೆದುಕೊಟ್ಟ ದಾವಣಗೆರೆ, ಹಾವೇರಿ, ಚಿತ್ರದುರ್ಗದ ರೈತರ ಹೆಸರು ಮೊಟ್ಟೆಯ ಕಥೆಯಲ್ಲಿ ಬರುವುದು ಕಡಿಮೆ. ದಾವಣಗೆರೆಯಲ್ಲಿ ಒಂದೊಂದೇ ಬಟ್ಟೆ ಗಿರಣಿಯ ಶಿಳ್ಳೆ ನಿಲ್ಲುತ್ತಿದ್ದ ವರ್ಷಗಳಲ್ಲೇ ಅಲ್ಲಿಯ ಮಾರುಕಟ್ಟೆ ಪ್ರಾಂಗಣದಲ್ಲಿ ಹಳದಿ ರಾಶಿಗಳು ಎತ್ತರವಾಗುತ್ತ ಹೋದವು. ಹತ್ತಿಯೂರು ಮೆಕ್ಕೆಜೋಳದ ಊರಾಯಿತು. ತೊಂಬತ್ತರ ದಶಕದ ನಂತರ ಖಾಸಗಿ ಕಂಪನಿಗಳ ಹೈಬ್ರಿಡ್ ಬಂದು ಇಳುವರಿ ಜಿಗಿಯಿತು. ಮಳೆ ಒಂದಿಷ್ಟು ಹೆಚ್ಚುಕಡಿಮೆಯಾದರೂ ಕೈಬಿಡದ, ಆಳು ಕಡಿಮೆ ಬೇಡುವ, ಒಕ್ಕುವ ಯಂತ್ರ ಊರಿಗೇ ಬರುವ ಬೆಳೆ ಅದು. ಮಕ್ಕಳು ಬೆಂಗಳೂರಿಗೆ ಹೋಗಿ ಮನೆಯಲ್ಲಿ ಇಬ್ಬರೇ ಉಳಿದ ರೈತ ಕುಟುಂಬಕ್ಕೆ ಇದಕ್ಕಿಂತ ಅನುಕೂಲದ ಬೆಳೆ ಸಿಗುವುದು ಕಷ್ಟವಿತ್ತು.

2000ದ ಸುಮಾರಿಗೆ ದೆಹಲಿಯಲ್ಲಿ ಒಂದು ಬಾಗಿಲನ್ನು ಅರ್ಧ ತೆರೆಯಲಾಯಿತು. ವಿಶ್ವ ವ್ಯಾಪಾರ ಸಂಸ್ಥೆಗೆ ಕೊಟ್ಟ ಮಾತಿನಂತೆ ಆಮದಿನ ಮೇಲಿನ ಪ್ರಮಾಣ ನಿರ್ಬಂಧಗಳನ್ನು 2001ರ ಏಪ್ರಿಲ್ ಹೊತ್ತಿಗೆ ಪೂರ್ತಿ ತೆಗೆಯಬೇಕಿತ್ತು. ಆ ಸಂದರ್ಭದ ಚೌಕಾಸಿಯಲ್ಲಿ ಮೆಕ್ಕೆಜೋಳಕ್ಕೆ ಹೊರಗೆ ಎತ್ತರದ ಸುಂಕ, ಒಳಗೆ ಒಂದು ಕೋಟಾ ಎಂಬ ಏರ್ಪಾಟಾಯಿತು: ಕೋಟಾದೊಳಗೆ ಬಂದರೆ ಶೇ 15, ಹೊರಗೆ ಬಂದರೆ ಅದರ ಮೂರು ಪಟ್ಟಿಗೂ ಹೆಚ್ಚು. ಕೋಟಾದ ಪ್ರಮಾಣ ಕೊನೆಗೆ 5 ಲಕ್ಷ ಟನ್ನಿಗೆ ನಿಂತಿತು. ಆಗ ಯಾರೂ ಇದರತ್ತ ತಿರುಗಿ ನೋಡಲಿಲ್ಲ, ನೋಡುವ ಕಾರಣವೂ ಇರಲಿಲ್ಲ. ಹಡಗು ಹೋಗುವ ಕಾಲ ಬಂದಿತ್ತು. 2000-01ರಲ್ಲಿ 120 ಲಕ್ಷ ಟನ್ ಇದ್ದ ಉತ್ಪಾದನೆ ಹತ್ತೇ ವರ್ಷದಲ್ಲಿ 217 ಲಕ್ಷ ಟನ್ ಆಯಿತು. ವಿಯೆಟ್ನಾಂ, ಮಲೇಷ್ಯಾ, ಇಂಡೋನೇಷ್ಯಾಗಳ ಕೋಳಿಗಳು ನಮ್ಮ ಮೆಕ್ಕೆಜೋಳ ತಿಂದವು. 2012-13ರಲ್ಲಿ ಹೊರಗೆ ಹೋದದ್ದು ಸುಮಾರು 47 ಲಕ್ಷ ಟನ್. ಕೆಂಪು ಜೋಳಕ್ಕೆ ಪಡಿತರ ಅಂಗಡಿಯ ಮುಂದೆ ನಿಂತಿದ್ದವರ ಮಕ್ಕಳು ಅರ್ಧ ಏಷ್ಯಾಕ್ಕೆ ಮೇವಿನ ಧಾನ್ಯ ಕಳಿಸಿದರು. ಈ ಗಳಿಕೆಯನ್ನು ಯಾರೂ ಹಗುರವಾಗಿ ಕಾಣಬಾರದು.

ಆ ಒಳ್ಳೆಯ ಕಾಲದ ನಡುವೆಯೇ ಒಂದು ಸೂಚನೆ ಸಿಕ್ಕಿತ್ತು. 2008ರಲ್ಲಿ ಜಗತ್ತಿನಾದ್ಯಂತ ಧಾನ್ಯದ ಬೆಲೆ ಏರಿದಾಗ, ರೈತನಿಗೂ ನಾಲ್ಕು ಕಾಸು ಹೆಚ್ಚು ಸಿಗುವ ಹೊತ್ತಿಗೆ, ಕೇಂದ್ರ ಸರ್ಕಾರ ಜುಲೈ 3ರಿಂದ ಅಕ್ಟೋಬರ್ 15ರವರೆಗೆ ಮೆಕ್ಕೆಜೋಳದ ರಫ್ತು ನಿಷೇಧಿಸಿತು. ಕೋಳಿ ಮತ್ತು ಸ್ಟಾರ್ಚ್ ಉದ್ಯಮದ ಒತ್ತಾಯ ಅದರ ಹಿಂದಿತ್ತು. ಅಮೆರಿಕ ತನ್ನ ಮೆಕ್ಕೆಜೋಳವನ್ನು ಎಥೆನಾಲ್ ಮಾಡಿ ಕಾರಿಗೆ ಸುರಿಯುತ್ತಿರುವುದೇ ಬೆಲೆಯೇರಿಕೆಗೆ ಒಂದು ಕಾರಣವೆಂದು ನಮ್ಮ ಆಗಿನ ಹಣಕಾಸು ಸಚಿವ ಪಿ. ಚಿದಂಬರಂ ಅಂತಾರಾಷ್ಟ್ರೀಯ ವೇದಿಕೆಗಳಲ್ಲಿ ಬಹಳ ಕಟುವಾಗಿ ಮಾತಾಡಿದ್ದರು. ಆ ಮಾತಿಗೆ ಮುಂದೆ ಬರುತ್ತೇವೆ. ಬೆಲೆ ಬಿದ್ದ ವರ್ಷ ಇಷ್ಟೇ ಚುರುಕು ಕಂಡಿತೇ ಎಂದು ಕೇಳಿದರೆ, 2013ರ ಸುಗ್ಗಿಯಲ್ಲಿ ಬೆಲೆ ಕ್ವಿಂಟಲಿಗೆ 1,310 ರೂಪಾಯಿಯ ಬೆಂಬಲ ಬೆಲೆಗಿಂತ ಕೆಳಗಿಳಿದು ಖರೀದಿ ಕೇಂದ್ರಗಳ ಮುಂದೆ ಟ್ರ್ಯಾಕ್ಟರುಗಳು ಸಾಲುಗಟ್ಟಿದ್ದು ಮಧ್ಯ ಕರ್ನಾಟಕದವರಿಗೆ ನೆನಪಿದೆ. ಒರಟು ಧಾನ್ಯವನ್ನು ಪಡಿತರದಲ್ಲಿ ಹಂಚುವುದಾದರೆ ಮಾತ್ರ ರಾಜ್ಯಗಳು ಕೊಳ್ಳಬಹುದು ಎಂಬ ಕೇಂದ್ರದ ನಿಯಮ ಅದರ ಬೆನ್ನಿಗೇ ಗಟ್ಟಿಯಾಯಿತು. ರಾಗಿ, ಬಿಳಿಜೋಳಕ್ಕೆ ಅದು ಸರಿಹೋಯಿತು. ಜನ ತಿನ್ನದ, ಕೋಳಿ ತಿನ್ನುವ ಧಾನ್ಯಕ್ಕೆ ಬೆಂಬಲ ಬೆಲೆ ಪ್ರತಿ ವರ್ಷ ಪತ್ರಿಕೆಯಲ್ಲಿ ಅಚ್ಚಾಗುವ ಅಂಕಿಯಾಗಿ ಉಳಿಯಿತು.

ಈ ನಡುವೆ ಹೊಲದಲ್ಲಿ ಏನೇನು ಕಳೆದುಹೋಯಿತು ಎಂಬುದಕ್ಕೆ ಯಾವ ಇಲಾಖೆಯ ಅಂಕಿ-ಅಂಶದಲ್ಲೂ ಕಲಮು ಇಲ್ಲ. ಜೋಳದ ಜೊತೆ ತೊಗರಿ, ಅಲಸಂದೆ, ಅವರೆ ಸಾಲು ಬೀಳುತ್ತಿದ್ದ ಅಕ್ಕಡಿ ಪದ್ಧತಿ ಹೋಯಿತು. ನವಣೆ, ಸಾವೆಗಳು ಹೋಗಿ ಈಗ ಸಿರಿಧಾನ್ಯವೆಂಬ ಹೆಸರಿನಲ್ಲಿ ಪೇಟೆಯ ಗಾಜಿನ ಕಪಾಟಿಗೆ ಮರಳಿವೆ. ಜೋಳದ ಕಣಿಕೆಯನ್ನು ದನ ಕಚಕಚ ಅಗಿದು ಮುಗಿಸುತ್ತಿತ್ತು, ಮೆಕ್ಕೆಜೋಳದ ಒಣ ಸೊಪ್ಪೆಯಲ್ಲಿ ಆ ಸತ್ವವಿಲ್ಲ. ಎಷ್ಟೋ ಕಡೆ ಅದನ್ನು ಹೊಲದಲ್ಲೇ ಸುಡುತ್ತಾರೆ. ಮನೆಯ ಮಾಡಿನಲ್ಲಿ ಬೂದಿ ಹಚ್ಚಿ ತೂಗುಹಾಕುತ್ತಿದ್ದ ಬಿತ್ತನೆ ತೆನೆ ಹೋಗಿ, ಪ್ರತಿ ಮುಂಗಾರಿಗೂ ಅಂಗಡಿಯಿಂದ ಪ್ಯಾಕೆಟ್ ತರುವುದೇ ಬಿತ್ತನೆಯಾಯಿತು. ಯೂರಿಯಾ ಇಲ್ಲದೆ ಈ ಬೆಳೆ ಏಳುವುದಿಲ್ಲ. ನಮ್ಮ ಯೂರಿಯಾ ಕಾರ್ಖಾನೆಗಳು ಓಡುವುದು ಬಹುಪಾಲು ಹೊರದೇಶದ ಅನಿಲದಿಂದ. ಪೊಟ್ಯಾಷ್ ಅಂತೂ ಪೂರ್ತಿ ಹೊರಗಿನದು. ಹಾಗಾಗಿ ಮೆಕ್ಕೆಜೋಳದ ಆಮದು ಸೊನ್ನೆಯಾಗಿದ್ದ ವರ್ಷಗಳಲ್ಲೂ ಅದರ ಹೊಟ್ಟೆಗೆ ಬೇಕಾದದ್ದು ಹಡಗಿನಲ್ಲೇ ಬರುತ್ತಿತ್ತು. ಸ್ವಾವಲಂಬನೆಯ ಭಾಷಣಗಳಲ್ಲಿ ಈ ಲೆಕ್ಕ ಸೇರುವುದಿಲ್ಲ.

2014, 2015ರಲ್ಲಿ ಮಳೆ ಕೈಕೊಟ್ಟಿತು. 2016ರ ಆರಂಭದಲ್ಲಿ ಸರ್ಕಾರ 5 ಲಕ್ಷ ಟನ್ ಮೆಕ್ಕೆಜೋಳವನ್ನು ಸುಂಕವಿಲ್ಲದೆ ತರಿಸಲು ಒಪ್ಪಿತು. ಟೆಂಡರ್ ಕರೆದದ್ದು ಸಾರ್ವಜನಿಕ ವಲಯದ ಪಿಇಸಿ. ಒಂದೂವರೆ ದಶಕ ಹಡಗು ಹೊರಕ್ಕಷ್ಟೇ ಹೋಗುತ್ತಿದ್ದ ಧಾನ್ಯ ತಿರುಗಿ ಒಳಬರತೊಡಗಿದ್ದು ಹೀಗೆ. ಕುಲಾಂತರಿ ಅಲ್ಲದ್ದೇ ಬೇಕೆಂಬ ಷರತ್ತಿನಿಂದಾಗಿ ಅಮೆರಿಕ, ಬ್ರೆಜಿಲ್, ಅರ್ಜೆಂಟೀನಾದಂಥ ದೊಡ್ಡ ಮಾರಾಟಗಾರರು ಹೊರಗುಳಿದು, ಉಕ್ರೇನಿನ ಹೆಸರು ನಮ್ಮ ಕೋಳಿ ಆಹಾರದ ವ್ಯಾಪಾರಿಗಳ ಬಾಯಿಗೆ ಬಂತು. ಎರಡು ವರ್ಷದ ನಂತರ ಯಾರೂ ಟೆಂಡರ್ ಕರೆಯದ ಇನ್ನೊಂದು ಆಮದಾಯಿತು. ಅಮೆರಿಕ ಖಂಡದ ಮೂಲದ, 2016ರಲ್ಲಿ ಆಫ್ರಿಕಾ ಹೊಕ್ಕಿದ್ದ ಫಾಲ್ ಸೈನಿಕ ಹುಳುವನ್ನು ದೇಶದಲ್ಲೇ ಮೊದಲ ಬಾರಿಗೆ 2018ರ ಮೇ ತಿಂಗಳಲ್ಲಿ ಶಿವಮೊಗ್ಗದ ಕೃಷಿ ಮತ್ತು ತೋಟಗಾರಿಕಾ ವಿಶ್ವವಿದ್ಯಾಲಯದ ಕೀಟತಜ್ಞರು ಗುರುತಿಸಿದರು. ಸುಳಿಯೊಳಗೆ ಕೂತು ಹಿಕ್ಕೆ ಹಾಕುತ್ತ ಎಲೆ ಮುಗಿಸುವ ಆ ಹುಳು ಒಂದೇ ವರ್ಷದಲ್ಲಿ ದೇಶದ ತುಂಬ ಹಬ್ಬಿತು. ಒಂದು ಸಿಂಪಡಣೆ ಇದ್ದಲ್ಲಿ ಮೂರಾಯಿತು. ಕೊರತೆ, ಬೆಲೆಯೇರಿಕೆ, ಉದ್ಯಮದ ಮನವಿ, 2019ರಲ್ಲಿ ಮೊದಲು 1 ಲಕ್ಷ ಟನ್, ಆಮೇಲೆ ಇನ್ನೂ 4 ಲಕ್ಷ ಟನ್ನಿಗೆ ಶೇ 15ರ ಸುಂಕದಲ್ಲಿ ಅನುಮತಿ. ಮರೆತುಹೋಗಿದ್ದ ಕೋಟಾಕ್ಕೆ ಜೀವ ಬಂತು.

2020ನ್ನು ಇಲ್ಲಿ ಪ್ರತ್ಯೇಕವಾಗಿ ನೆನೆಯಬೇಕು. ಕೋಳಿ ತಿಂದರೆ ಕೊರೊನಾ ಎಂಬ ವದಂತಿಗೆ ಮಾರುಕಟ್ಟೆ ಕುಸಿದು, ಜೀವಂತ ಮರಿಗಳನ್ನು ಗುಂಡಿ ತೋಡಿ ಹೂತ ದೃಶ್ಯವನ್ನು ನಾವೆಲ್ಲ ಮೊಬೈಲಿನಲ್ಲಿ ನೋಡಿದೆವು. ಕೋಳಿ ಇಲ್ಲದ ಮೇಲೆ ಮೆಕ್ಕೆಜೋಳ ಯಾರಿಗೆ? ಬೆಂಬಲ ಬೆಲೆಗಿಂತ ಎಷ್ಟೋ ಕೆಳಗೆ ಮಾರಿದ ರೈತರಿಗೆ ರಾಜ್ಯ ಸರ್ಕಾರ ತಲಾ 5,000 ರೂಪಾಯಿ ನೆರವು ಘೋಷಿಸಬೇಕಾಯಿತು. ಆ ಘೋಷಣೆಯ ಮರು ತಿಂಗಳು, ಜೂನ್‌ನಲ್ಲಿ, ಶೇ 15ರ ಸುಂಕದಲ್ಲಿ 5 ಲಕ್ಷ ಟನ್ ಮೆಕ್ಕೆಜೋಳ ತರಿಸಲು ಕೇಂದ್ರದ ಅಧಿಸೂಚನೆ ಹೊರಟಿತು. ಅದು ವಿಶ್ವ ವ್ಯಾಪಾರ ಸಂಸ್ಥೆಯ ಬಾಧ್ಯತೆಯಂತೆ ಹೊರಡಿಸಿದ ಕಾಗದವೆಂಬ ಸಮಜಾಯಿಷಿ ಇರಬಹುದು. ಆದರೆ ಮಾರುಕಟ್ಟೆ ಕಾಗದವನ್ನೂ ಓದುತ್ತದೆ. ಧಾನ್ಯ ಬಂದರಿಗೆ ಬರುವ ಮೊದಲೇ ಸುದ್ದಿ ಪ್ರಾಂಗಣಕ್ಕೆ ಬಂದಿರುತ್ತದೆ. ಟೆಂಡರಿಗೆ ಕೂತ ಖರೀದಿದಾರನ ಕೈ ಅಷ್ಟಕ್ಕೇ ಬಿಗಿಯಾಗುತ್ತದೆ. ಆಮದಿನ ಪ್ರಮಾಣ ದೇಶದ ಉತ್ಪಾದನೆಯ ನೂರಕ್ಕೆ ಎರಡು ಭಾಗ ಮಾತ್ರ, ಅದರಿಂದ ಏನಾಗುತ್ತದೆ ಎಂದು ಕೇಳುವ ಅರ್ಥಶಾಸ್ತ್ರಜ್ಞರು ಒಂದು ಸುಗ್ಗಿಯ ದಿನ ರಾಣೆಬೆನ್ನೂರಿನ ಮೆಕ್ಕೆಜೋಳದ ಹರಾಜಿನಲ್ಲಿ ನಿಂತು ನೋಡುವುದು ಒಳ್ಳೆಯದು.

ಕುಲಾಂತರಿಯ ಗೋಡೆಯೂ ನಾವು ಹೇಳಿಕೊಳ್ಳುವಷ್ಟು ಗಟ್ಟಿಯಲ್ಲ. 2021ರ ಆಗಸ್ಟ್‌ನಲ್ಲಿ ಕೋಳಿ ಆಹಾರದ ಇನ್ನೊಂದು ಮುಖ್ಯ ಭಾಗವಾದ ಸೋಯಾ ಹಿಂಡಿಯ ಬೆಲೆ ಏರಿದಾಗ 12 ಲಕ್ಷ ಟನ್ ಕುಲಾಂತರಿ ಸೋಯಾ ಹಿಂಡಿಗೆ ಅನುಮತಿ ಸಿಕ್ಕಿತು. ಎಣ್ಣೆ ತೆಗೆದ ಹಿಂಡಿ ಮೊಳೆಯುವ ಜೀವಿಯಲ್ಲ ಎಂಬುದು ಅದಕ್ಕೆ ಕೊಟ್ಟ ಸಮರ್ಥನೆ. ಸಮರ್ಥನೆ ವೈಜ್ಞಾನಿಕವಾಗಿ ತಪ್ಪಲ್ಲ. ಅವಸರ ಬಂದಾಗ ತತ್ವಕ್ಕೂ ಒಂದು ಕಿಂಡಿ ಸಿಗುತ್ತದೆ ಎಂಬುದನ್ನು ಗುರುತು ಹಾಕಿಕೊಂಡರೆ ಸಾಕು.

2022ರಲ್ಲಿ ಉಕ್ರೇನಿನ ಬಂದರುಗಳು ಯುದ್ಧದಲ್ಲಿ ಮುಚ್ಚಿದಾಗ ಮತ್ತೆ ನಮ್ಮ ಹಡಗು ಹೋಯಿತು. 2022-23ರ ರಫ್ತು 34 ಲಕ್ಷ ಟನ್ ದಾಟಿತು. ಅದೇ ಕೊನೆಯ ದೊಡ್ಡ ರಫ್ತು. ಪೆಟ್ರೋಲಿಗೆ ಶೇ 20ರಷ್ಟು ಎಥೆನಾಲ್ ಬೆರೆಸುವ ಗುರಿಯನ್ನು 2030ರಿಂದ 2025ಕ್ಕೆ ಹಿಂದೆ ತಂದಾಗ ಎಲ್ಲರ ಕಣ್ಣು ಕಬ್ಬಿನ ಮೇಲಿತ್ತು. 2023ರ ಬರದಲ್ಲಿ ಕಬ್ಬು ಸೊರಗಿತು. ಎಥೆನಾಲಿಗೆ ಆಹಾರ ನಿಗಮದ ಅಕ್ಕಿ ಕೊಡುವುದು ಜುಲೈನಲ್ಲಿ ನಿಂತಿತು, ಡಿಸೆಂಬರ್‌ನಲ್ಲಿ ಕಬ್ಬಿನ ಹಾಲಿನ ಮೇಲೂ ನಿರ್ಬಂಧ ಬಂತು. ಉಳಿದದ್ದು ಮೆಕ್ಕೆಜೋಳ. ಅದರಿಂದ ತೆಗೆದ ಎಥೆನಾಲಿಗೆ ಲೀಟರಿಗೆ 71 ರೂಪಾಯಿ 86 ಪೈಸೆ ನಿಗದಿಯಾಯಿತು. 2022-23ರ ಎಥೆನಾಲ್ ವರ್ಷದಲ್ಲಿ ಮೆಕ್ಕೆಜೋಳದಿಂದ ಬಂದದ್ದು ಸುಮಾರು 31 ಕೋಟಿ ಲೀಟರ್. ಮರುವರ್ಷ 286 ಕೋಟಿ ಲೀಟರ್. ಒಂದು ಟನ್ನಿಗೆ 380 ಲೀಟರ್ ಎಂದು ಹಿಡಿದರೂ ಎಪ್ಪತ್ತೈದು ಲಕ್ಷ ಟನ್ ಡಿಸ್ಟಿಲರಿಗಳ ಹೊಟ್ಟೆ ಸೇರಿತು. ಹದಿನೈದು ವರ್ಷದ ಹಿಂದೆ ಅಮೆರಿಕಕ್ಕೆ ನಾವು ಹೇಳಿದ ಬುದ್ಧಿಮಾತನ್ನು ಈಗ ನಮಗೆ ಯಾರೂ ಹೇಳಲಿಲ್ಲ. ಕೋಳಿ, ಸ್ಟಾರ್ಚ್, ಎಥೆನಾಲ್ ಮೂವರೂ ಒಂದೇ ರಾಶಿಗೆ ಕೈಹಾಕಿದ್ದರಿಂದ ರೈತನಿಗೆ ಅಪರೂಪಕ್ಕೊಮ್ಮೆ ಬೆಂಬಲ ಬೆಲೆಗಿಂತ ಮೇಲಿನ ದರ ಕಂಡಿತು. ಹಡಗೂ ಬಂತು. 2024-25ರಲ್ಲಿ ದೇಶಕ್ಕೆ ಬಂದ ಮೆಕ್ಕೆಜೋಳ ಹತ್ತು ಲಕ್ಷ ಟನ್ನಿನ ಹತ್ತಿರ. ಅರ್ಧಕ್ಕಿಂತ ಹೆಚ್ಚು ಮ್ಯಾನ್ಮಾರ್‌ನಿಂದ, ಉಳಿದ ಬಹುಪಾಲು ಉಕ್ರೇನಿನಿಂದ. ಹಿಂದುಳಿದ ದೇಶಗಳಿಗೆ ಕೊಡುವ ರಿಯಾಯಿತಿಯಲ್ಲಿ ಮ್ಯಾನ್ಮಾರ್‌ನ ಧಾನ್ಯಕ್ಕೆ ಸುಂಕವಿಲ್ಲ. ವರ್ಷಕ್ಕೆ ಮೂವತ್ತು ಲಕ್ಷ ಟನ್ ಮಾರುತ್ತಿದ್ದ ದೇಶ ಎರಡೇ ವರ್ಷದಲ್ಲಿ ಕೊಳ್ಳುವ ದೇಶವಾಗುವುದೆಂದರೆ, ಈ ಮಾರುಕಟ್ಟೆಯ ಗತಿಯನ್ನು ಮಳೆಗಿಂತ ಹೆಚ್ಚಾಗಿ ಅಧಿಸೂಚನೆಗಳು ನಿರ್ಧರಿಸುತ್ತಿವೆ.

ಕೋಳಿ ಸಾಕುವವರ ಕಷ್ಟ ಸುಳ್ಳಲ್ಲ. ಕಂಪನಿಯಿಂದ ಮರಿ ತಂದು ಗುತ್ತಿಗೆಗೆ ಸಾಕುವ ಸಣ್ಣ ರೈತನೂ ಈ ಲೆಕ್ಕದಲ್ಲಿದ್ದಾನೆ. ಶಾಲೆಯ ಮಕ್ಕಳ ತಟ್ಟೆಗೆ ವಾರವಿಡೀ ಮೊಟ್ಟೆ ಬರುವುದು ಮೇವು ಅಗ್ಗವಾಗಿದ್ದರೆ ಮಾತ್ರ. ಕೊರತೆಯಾದಾಗ ತರಿಸುವುದು ಪಾಪವೂ ಅಲ್ಲ. ಈ ಎಪ್ಪತ್ತು ವರ್ಷಗಳಲ್ಲಿ ನಮ್ಮ ತಕರಾರು ಇರುವುದು ಬೇರೆ ಕಡೆ: ಉದ್ಯಮದ ಕೊರತೆಗೆ ಸರ್ಕಾರ ಕೆಲವೇ ವಾರಗಳಲ್ಲಿ ಓಗೊಟ್ಟಿದೆ, ರೈತನ ರಾಶಿ ಹೆಚ್ಚಾದಾಗ ಸಮಿತಿ ರಚಿಸಿದೆ.

2025ರ ಮುಂಗಾರಿನಲ್ಲಿ ಇದು ಬೆತ್ತಲಾಯಿತು. ಎಥೆನಾಲ್ ಬೆಲೆಯ ಆಸೆಗೆ ರಾಜ್ಯದಲ್ಲಿ ಸುಮಾರು 18 ಲಕ್ಷ ಹೆಕ್ಟೇರ್ ಮೆಕ್ಕೆಜೋಳ ಬಿತ್ತಿದರು. ಯೂರಿಯಾಕ್ಕೆ ಸೊಸೈಟಿಗಳ ಮುಂದೆ ಸರತಿ ನಿಂತರು. ಬೆಳೆ ಬಂತು, ಬೆಂಬಲ ಬೆಲೆ 2,400 ಇದ್ದಾಗ ಪ್ರಾಂಗಣದಲ್ಲಿ 1,600ರಿಂದ 1,800 ರೂಪಾಯಿಗೆ ಕೂಗು ನಿಂತಿತು. ಎಥೆನಾಲಿಗೆ ಅಕ್ಕಿ ಮತ್ತೆ ಧಾರಾಳವಾಗಿ ಸಿಗತೊಡಗಿದ್ದರಿಂದ ಡಿಸ್ಟಿಲರಿಗಳಿಗೆ ಮೊದಲಿನ ಹಸಿವಿರಲಿಲ್ಲ. ಲಕ್ಷ್ಮೇಶ್ವರದಲ್ಲಿ ಖರೀದಿ ಕೇಂದ್ರಕ್ಕಾಗಿ ರೈತರು ಧರಣಿ ಕೂತರು. ಮುಖ್ಯಮಂತ್ರಿ ಪ್ರಧಾನಿಗೆ ಪತ್ರ ಬರೆದರು, ನಾಫೆಡ್ ಮೂಲಕ ಕೊಳ್ಳಿರಿ, ಆಮದು ನಿಲ್ಲಿಸಿ ಎಂದರು. ಕೇಂದ್ರ, ರಾಜ್ಯದ ಕಡೆ ಬೆರಳು ತೋರಿಸಿತು. ಕೊನೆಗೆ ಕೆಎಂಎಫ್‌ನ ಪಶು ಆಹಾರ ಘಟಕಗಳು ಒಬ್ಬ ರೈತರಿಂದ ಇಂತಿಷ್ಟೇ ಕ್ವಿಂಟಲ್ ಎಂಬ ಮಿತಿಯಲ್ಲಿ ಕೊಳ್ಳಲು ಮುಂದಾದವು, ಡಿಸ್ಟಿಲರಿಗಳಿಗೂ ರಾಜ್ಯ ಸರ್ಕಾರ ತಾಕೀತು ಮಾಡಿತು. ಆ ಹೊತ್ತಿಗೆ ಸಾಲದ ಒತ್ತಡವಿದ್ದವರು ಸಿಕ್ಕ ಬೆಲೆಗೆ ಕೊಟ್ಟು ಕೈತೊಳೆದಾಗಿತ್ತು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಅಮೆರಿಕದ ವಾಣಿಜ್ಯ ಸಚಿವ ಹೊವಾರ್ಡ್ ಲಟ್ನಿಕ್, 140 ಕೋಟಿ ಜನರಿದ್ದೂ ಭಾರತ ತಮ್ಮ ಒಂದು ಬುಶೆಲ್ ಮೆಕ್ಕೆಜೋಳವನ್ನೂ ಕೊಳ್ಳುವುದಿಲ್ಲವೆಂದು ದೂರಿದ್ದರು. ಅದಕ್ಕೂ ಕೆಲವು ತಿಂಗಳ ಹಿಂದೆ ನೀತಿ ಆಯೋಗದ ಒಂದು ಪ್ರಬಂಧ ಅಮೆರಿಕದ ಮೆಕ್ಕೆಜೋಳವನ್ನು ಎಥೆನಾಲಿಗಷ್ಟೇ ಎಂದು ತರಿಸಬಹುದೆಂದು ಸೂಚಿಸಿ, ಗದ್ದಲವಾದ ಮೇಲೆ ವಾಪಸಾಗಿತ್ತು. ಹೆಕ್ಟೇರಿಗೆ ಹನ್ನೊಂದು ಟನ್ ಬೆಳೆಯುವವರ ಎದುರು ಮೂರೂವರೆ ಟನ್ ಬೆಳೆಯುವವರನ್ನು ನಿಲ್ಲಿಸುವ ಈ ಪ್ರಸ್ತಾಪ ಮತ್ತೆ ಬಾರದೆ ಇರುವುದಿಲ್ಲ.

ಬೆಲೆ ಏರಿದರೆ ತರಿಸಲು 5 ಲಕ್ಷ ಟನ್ನಿನ ಕೋಟಾ ಇಪ್ಪತ್ತು ವರ್ಷಗಳಿಂದ ಸಿದ್ಧವಿದೆ: ಸುಂಕ ಎಷ್ಟು, ತರುವವರು ಯಾರು, ಷರತ್ತು ಏನು ಎಲ್ಲವೂ ಬರೆದಿಟ್ಟಿದೆ. ಬೆಲೆ ಬಿದ್ದರೆ ಅಷ್ಟೇ 5 ಲಕ್ಷ ಟನ್ನನ್ನು ಯಾರು ಕೊಳ್ಳಬೇಕು, ಯಾವ ಗೋದಾಮಿನಲ್ಲಿ ಒಣಗಿಸಿ ಇಡಬೇಕು, ಮುಂದಿನ ಬೇಸಿಗೆಯಲ್ಲಿ ಕೋಳಿ ಸಾಕುವವರಿಗೋ ಡಿಸ್ಟಿಲರಿಗೋ ಯಾವ ದರಕ್ಕೆ ಬಿಡಬೇಕು ಎಂಬುದನ್ನು ಒಂದು ಹಾಳೆಯಲ್ಲಾದರೂ ಬರೆದಿಡಬೇಕು. ಪಡಿತರದಲ್ಲಿ ಹಂಚದಿದ್ದರೆ ಕೊಳ್ಳುವಂತಿಲ್ಲ ಎಂಬ ನಿಯಮಕ್ಕೆ ಮೆಕ್ಕೆಜೋಳದ ಮಟ್ಟಿಗೆ ವಿನಾಯಿತಿ ಬೇಕು. ದಾವಣಗೆರೆ, ಹಾವೇರಿ, ಗದಗಗಳಿಗೆ ತೇವಾಂಶ ತೆಗೆಯುವ ಯಂತ್ರಗಳು ಬೇಕು. ಹಸಿ ಕಾಳು ಎಂಬ ನೆಪವೇ ಅಲ್ಲಿ ಬೆಲೆ ಮುರಿಯುವ ಮೊದಲ ಅಸ್ತ್ರ. ಮುಂಗಾರು ಬಿತ್ತನೆಗೆ ಮೊದಲು ಇಷ್ಟು ಆಗಬೇಕು, ಅಕ್ಟೋಬರ್‌ನಲ್ಲಿ ಅಲ್ಲ.